ಟೈಲರ್, ಸೌದೆ ವ್ಯಾಪಾರಿ, ನೇಣು ಹಾಕಿದ ಶೆರಿಫ್: ಅಮೆರಿಕದ ಅಧ್ಯಕ್ಷರ ಹೊಟ್ಟೆಪಾಡು

ಪ್ರಶ್ನೆ: ಸರ್, ಕಾಲೇಜ್ ಕ್ವಿಜ್ ಟೀಮಲ್ಲಿದೀನಿ. ಅಮೆರಿಕದ ಪ್ರೆಸಿಡೆಂಟ್‌ಗಳ ಬಗ್ಗೆ ಎಲ್ ನೋಡಿದ್ರೂ ಬರೀ ಪಟ್ಟಿ, ಬಾಯಿಪಾಠ ಮಾಡಿದ್ರೆ ಎರಡು ದಿನಕ್ಕೆ ಮರ್ತೋಗತ್ತೆ. ಒಬ್ರು ಟೈಲರ್ ಆಗಿದ್ರಂತೆ, ಇನ್ನೊಬ್ರು ತಮ್ ಕೈಯಾರೆ ನೇಣು ಹಾಕಿದ್ರಂತೆ, ವಾಷಿಂಗ್ಟನ್‌ಗೆ ಮರದ ಹಲ್ಲಿತ್ತಂತೆ. ಇದ್ರಲ್ಲಿ ಯಾವ್ದು ನಿಜ? ಪ್ರೆಸಿಡೆಂಟ್ ಆಗೋಕೆ ಮುಂಚೆ ಇವ್ರೆಲ್ಲ ಹೊಟ್ಟೆಪಾಡಿಗೆ ಏನ್ ಮಾಡ್ತಿದ್ರು, ಇಳಿದ್ಮೇಲೆ ಏನ್ ಮಾಡಿದ್ರು, ಪೆನ್ಷನ್ ಬರತ್ತಾ? ಸ್ವಲ್ಪ ಬಿಡಿಸಿ ಹೇಳಿ.

ಉತ್ತರ: ಮೊದ್ಲು ಚುಟುಕಾಗಿ ಹೇಳ್ಬಿಡ್ತೀನಿ. ಟೈಲರ್ ಕಥೆ ನಿಜ. ನೇಣು ಹಾಕಿದ್ದೂ ನಿಜ, ಅದೂ ಇಬ್ಬರಿಗೆ. ಮರದ ಹಲ್ಲು ಸುಳ್ಳು. ಪೆನ್ಷನ್ ಈಗ ಬರತ್ತೆ, ಆದ್ರೆ ಅದು ಶುರುವಾಗಿದ್ದೇ 1958ರಲ್ಲಿ. ಜಾರ್ಜ್ ವಾಷಿಂಗ್ಟನ್ ಪ್ರಮಾಣ ವಚನ ತಗೊಂಡಿದ್ದು 1789ರಲ್ಲಿ, ಅಂದ್ರೆ ನಡುವೆ 169 ವರ್ಷ ಅಧ್ಯಕ್ಷಗಿರಿ ಮುಗಿಸಿ ಮನೆಗೆ ಹೋದವ್ರಿಗೆ ಆ ಕೆಲಸಕ್ಕೆ ಅಂತ ಸರ್ಕಾರದಿಂದ ಒಂದು ಕಾಸು ಪೆನ್ಷನ್ ಇರ್ಲಿಲ್ಲ. ಪಟ್ಟಿ ಬಾಯಿಪಾಠ ಮಾಡೋ ಬದ್ಲು ಈ ಒಂದು ವಿಷ್ಯ ಹಿಡ್ಕೊಳ್ಳಿ. ಯಾರು ಸಾಲ ಮಾಡಿದ್ರು, ಯಾರು ಪುಸ್ತಕ ಬರೆದ್ರು, ಯಾರು ವಾಪಸ್ ಎಲೆಕ್ಷನ್‌ಗೆ ನಿಂತ್ರು ಅನ್ನೋದೆಲ್ಲ ಇದ್ರ ಹಿಂದೇನೇ ಬರತ್ತೆ, ಆಮೇಲೆ ಮರೀಬೇಕು ಅಂದ್ರೂ ಮರೆಯಲ್ಲ.

ವಾಷಿಂಗ್ಟನ್ ಅವರಿಂದ್ಲೇ ಶುರು ಮಾಡೋಣ. ಹದಿನೇಳನೇ ವಯಸ್ಸಿಗೇ ವರ್ಜೀನಿಯಾದಲ್ಲಿ ಜಮೀನು ಸರ್ವೆ ಮಾಡೋ ಕೆಲಸ, ಅಧಿಕೃತ ಹುದ್ದೆನೇ. ಆಮೇಲೆ ಸಾವಿರಾರು ಎಕರೆ ಜಮೀನು, ನೂರಾರು ಗುಲಾಮರು ಇದ್ದ ದೊಡ್ಡ ಜಮೀನ್ದಾರರಾದ್ರು. ಆದ್ರೂ 1789ರಲ್ಲಿ ನ್ಯೂಯಾರ್ಕ್‌ಗೆ ಹೋಗಿ ಮೊದಲ ಅಧ್ಯಕ್ಷರಾಗಿ ಪ್ರಮಾಣ ತಗೋಬೇಕು ಅಂದಾಗ ಕೈಯಲ್ಲಿ ನಗದು ಇಲ್ಲ, ಅಲೆಕ್ಸಾಂಡ್ರಿಯಾದ ಒಬ್ಬ ವ್ಯಾಪಾರಿ ಹತ್ರ 600 ಪೌಂಡ್ ಸಾಲ ತಗೊಂಡು ಹೊರಟ್ರು. ಜಮೀನು ಇರತ್ತೆ ದುಡ್ಡು ಇರಲ್ಲ ಅನ್ನೋ ಕಷ್ಟ ನಮ್ ಕಡೆ ಗೌಡ್ರಿಗೆ ವಿವರಿಸ್ಬೇಕಾಗಿಲ್ಲ ಬಿಡಿ. ಸಂಬಳ ವರ್ಷಕ್ಕೆ 25,000 ಡಾಲರ್, ಆ ಕಾಲಕ್ಕೆ ಅದು ಭಾರಿ ಮೊತ್ತನೇ, ಆದ್ರೆ ಬಂದೋರಿಗೆ ಊಟ ಉಪಚಾರ, ಆಳುಕಾಳು ಎಲ್ಲಾ ಅದ್ರಲ್ಲೇ ನೋಡ್ಕೋಬೇಕಿತ್ತು. ಇಳಿದು ಮೌಂಟ್ ವರ್ನನ್‌ಗೆ ವಾಪಸ್ ಬಂದ್ಮೇಲೆ ಸ್ಕಾಟ್ಲೆಂಡ್ ಮೂಲದ ಮ್ಯಾನೇಜರ್ ಮಾತು ಕೇಳಿ ವಿಸ್ಕಿ ಭಟ್ಟಿ ಹಾಕಿದ್ರು, 1799ರಲ್ಲಿ ಅಲ್ಲಿ ಸುಮಾರು 11,000 ಗ್ಯಾಲನ್ ವಿಸ್ಕಿ ಇಳೀತು, ಆ ಕಾಲದ ಅಮೆರಿಕದಲ್ಲಿ ಅಷ್ಟು ದೊಡ್ಡ ಭಟ್ಟಿ ಅಪರೂಪ. ಹಲ್ಲಿನ ವಿಷ್ಯಕ್ಕೆ ಬಂದ್ರೆ, ಪ್ರಮಾಣ ವಚನದ ಹೊತ್ತಿಗೆ ಅವ್ರ ಬಾಯಲ್ಲಿ ಸ್ವಂತ ಹಲ್ಲು ಅಂತ ಉಳಿದಿದ್ದು ಒಂದೇ. ಹಲ್ಲುಸೆಟ್ಟು ಮಾಡಿದ್ದು ದಂತದಿಂದ, ಪ್ರಾಣಿಗಳ ಹಲ್ಲಿಂದ, ಮನುಷ್ಯರ ಹಲ್ಲಿಂದ, ಸೀಸದ ತಗಡು ಮತ್ತೆ ಸ್ಪ್ರಿಂಗ್ ಹಾಕಿ. ದಂತ ಹಳೇದಾದಾಗ ಕಂದು ಬಣ್ಣಕ್ಕೆ ತಿರುಗಿ ಗೆರೆ ಗೆರೆ ಕಾಣತ್ತೆ, ಮರ ಅನ್ನೋ ಸುದ್ದಿ ಅಲ್ಲಿಂದ ಹುಟ್ಟಿರ್ಬೇಕು ಅಂತಾರೆ. 1784ರ ಅವ್ರ ಲೆಕ್ಕದ ಪುಸ್ತಕದಲ್ಲಿ ಕಪ್ಪು ಜನರಿಗೆ ಒಂಬತ್ತು ಹಲ್ಲಿಗಾಗಿ ದುಡ್ಡು ಕೊಟ್ಟ ಒಂದು ಸಾಲಿದೆ. ಮರದ ಹಲ್ಲಿನ ಕಟ್ಟುಕಥೆಗಿಂತ ಆ ಒಂದು ಸಾಲು ಎಷ್ಟೋ ಜಾಸ್ತಿ ಹೇಳತ್ತೆ.

ಥಾಮಸ್ ಜೆಫರ್ಸನ್ ಅವ್ರದ್ದು ಇನ್ನೂ ಕಷ್ಟ. ಓದೋ ಹುಚ್ಚು, ಮನೆ ಕಟ್ಟೋ ಹುಚ್ಚು, ಒಳ್ಳೇ ವೈನ್ ಹುಚ್ಚು, ಎಲ್ಲಾ ಸೇರಿ ಸಾಲ ಬೆಳೀತಾನೇ ಹೋಯ್ತು. 1814ರಲ್ಲಿ ಬ್ರಿಟಿಷರು ವಾಷಿಂಗ್ಟನ್ ನಗರಕ್ಕೆ ಬೆಂಕಿ ಇಟ್ಟಾಗ ಕಾಂಗ್ರೆಸ್ಸಿನ, ಅಂದ್ರೆ ಅಲ್ಲಿನ ಪಾರ್ಲಿಮೆಂಟಿನ, ಲೈಬ್ರರಿ ಸುಟ್ಟೋಯ್ತು, ಮುಂದಿನ ವರ್ಷ ಜೆಫರ್ಸನ್ ತಮ್ಮ ಸ್ವಂತ ಸಂಗ್ರಹದ 6,487 ಪುಸ್ತಕಗಳನ್ನ 23,950 ಡಾಲರ್‌ಗೆ ದೇಶಕ್ಕೆ ಮಾರಿದ್ರು. ಇವತ್ತಿನ ಲೈಬ್ರರಿ ಆಫ್ ಕಾಂಗ್ರೆಸ್ ಅದ್ರ ಮೇಲೆ ಬೆಳೆದಿದ್ದು. ಬಂದ ದುಡ್ಡು ಬಹುಪಾಲು ಸಾಲ ಕೊಟ್ಟವ್ರ ಪಾಲಾಯ್ತು, ಇವ್ರು ಮತ್ತೆ ಪುಸ್ತಕ ಕೊಳ್ಳೋಕೆ ಶುರು ಮಾಡಿದ್ರು. 1826ರ ಜುಲೈ 4ರಂದು, ಎರಡನೇ ಅಧ್ಯಕ್ಷ ಜಾನ್ ಆಡಮ್ಸ್ ತೀರ್ಕೊಂಡ ದಿನವೇ ತೀರ್ಕೊಂಡಾಗ ಲಕ್ಷ ಡಾಲರ್‌ಗಿಂತ ಜಾಸ್ತಿ ಸಾಲ ಉಳಿದಿತ್ತು. ಆ ಜುಲೈ 4ರ ಕಾಕತಾಳೀಯ ಎಲ್ಲಾ ಕ್ವಿಜ್ ಪುಸ್ತಕದಲ್ಲೂ ಬರತ್ತೆ. ಆ ಸಾಲ ತೀರಿಸೋಕೆ ಆರು ತಿಂಗಳು ಕಳೆದ್ಮೇಲೆ, 1827ರ ಜನವರಿಯಲ್ಲಿ, ಮಾಂಟಿಚೆಲೊ ಮನೆಯಲ್ಲಿ ಪೀಠೋಪಕರಣ, ದನಕರುಗಳ ಜೊತೆ 130 ಗುಲಾಮರನ್ನ ಹರಾಜಿಗೆ ಇಟ್ರು ಅನ್ನೋದು ಮಾತ್ರ ಬರಲ್ಲ. ಸ್ವಾತಂತ್ರ್ಯ ಘೋಷಣೆ ಬರೆದವ್ರ ಸಾಲಕ್ಕೆ ಯಾರು ಬೆಲೆ ತೆತ್ರು ನೋಡಿ.

ಈಗ ನಿಮ್ಮ ಟೈಲರ್. ಆಂಡ್ರ್ಯೂ ಜಾನ್ಸನ್, ಲಿಂಕನ್ ಹತ್ಯೆ ಆದ್ಮೇಲೆ 1865ರಲ್ಲಿ ಅಧ್ಯಕ್ಷರಾದವ್ರು. ಹುಟ್ಟಿದ್ದು ನಾರ್ತ್ ಕೆರೊಲಿನಾದ ರಾಲಿಯಲ್ಲಿ, ಮೂರು ವರ್ಷದ ಮಗು ಇದ್ದಾಗ ಅಪ್ಪ ಸತ್ರು, ಅಮ್ಮ ಬಟ್ಟೆ ಒಗೆದು ನೇಯ್ದು ಸಂಸಾರ ತೂಗಿಸ್ತಿದ್ರು. ಹುಡುಗ ಇನ್ನೂ ಹತ್ತರ ಆಸುಪಾಸಲ್ಲಿರೋವಾಗ್ಲೇ ಊರಿನ ಟೈಲರ್ ಜೇಮ್ಸ್ ಸೆಲ್ಬಿ ಹತ್ರ ಕರಾರು ಬರೆದು ಬಿಟ್ಬಿಟ್ರು, 21 ತುಂಬೋವರೆಗೂ ಅಲ್ಲೇ ದುಡೀಬೇಕು. ಶಾಲೆ ಮೆಟ್ಟಿಲು ಹತ್ತಿದ್ದೇ ಇಲ್ಲ. ಹೊಲಿಯೋವಾಗ ಯಾರಾದ್ರೂ ಬಂದು ಕೂತು ಭಾಷಣಗಳ ಪುಸ್ತಕ ಗಟ್ಟಿಯಾಗಿ ಓದೋರು, ಅದನ್ನ ಕೇಳ್ತಾ ಕೇಳ್ತಾ ಅಕ್ಷರದ ಮೇಲೆ ಆಸೆ ಹುಟ್ತು. 1824ರಲ್ಲಿ ಅಣ್ಣನ ಜೊತೆ ಓಡಿ ಹೋದ. ಸೆಲ್ಬಿ ಪೇಪರಲ್ಲಿ ಜಾಹೀರಾತು ಕೊಟ್ಟ: ಇಬ್ಬರು ಹುಡುಗರು ಓಡಿ ಹೋಗಿದಾರೆ, ಹಿಡ್ಕೊಟ್ಟೋರಿಗೆ 10 ಡಾಲರ್ ಬಹುಮಾನ. ಕೆಳಗೆ ಇನ್ನೊಂದು ಮಾತು, ಇಬ್ರನ್ನೂ ತಂದ್ರೂ 10 ಡಾಲರ್, ಆಂಡ್ರ್ಯೂ ಒಬ್ಬನನ್ನೇ ತಂದ್ರೂ ಅದೇ 10 ಡಾಲರ್. ಅಂದ್ರೆ ಅಣ್ಣನ ಬೆಲೆ ಸೊನ್ನೆ! ತಮ್ಮನ ಕೈಕೆಲಸ ಎಷ್ಟು ಚೆನ್ನಾಗಿತ್ತು ಅನ್ನೋಕೆ ಇದಕ್ಕಿಂತ ಸರ್ಟಿಫಿಕೇಟ್ ಬೇಕಾ.

ಆಮೇಲೆ ಟೆನ್ನೆಸ್ಸಿಯ ಗ್ರೀನ್‌ವಿಲ್ ಅನ್ನೋ ಸಣ್ಣ ಊರಲ್ಲಿ ಸ್ವಂತ ಅಂಗಡಿ ಹಾಕಿದ್ರು, 1827ರಲ್ಲಿ ಎಲೈಜಾ ಅನ್ನೋ ಹುಡುಗಿನ ಮದುವೆ ಆದ್ರು, ಅವ್ರೇ ಗಂಡನಿಗೆ ಸರಿಯಾಗಿ ಬರೆಯೋದು, ಲೆಕ್ಕ ಮಾಡೋದು ಕಲಿಸಿದ್ದು. ಅಂಗಡಿನೇ ಊರಿನ ರಾಜಕೀಯದ ಕಟ್ಟೆ ಆಯ್ತು, ಅಲ್ಲಿಂದ ಕೌನ್ಸಿಲ್, ಮೇಯರ್, ಶಾಸಕ, ಕಾಂಗ್ರೆಸ್, ಗವರ್ನರ್, ಸೆನೆಟ್, ಉಪಾಧ್ಯಕ್ಷ, ಅಧ್ಯಕ್ಷ, ಒಂದು ಮೆಟ್ಟಿಲೂ ಬಿಡ್ಲಿಲ್ಲ. ಅಧ್ಯಕ್ಷರಾಗಿ ಅವ್ರನ್ನ ಹೊಗಳೋಕೆ ನಂಗೆ ಮನಸ್ಸಿಲ್ಲ, ಗುಲಾಮಗಿರಿಯಿಂದ ಬಿಡುಗಡೆ ಆದವ್ರ ಹಕ್ಕುಗಳಿಗೆ ಅಡ್ಡಗಾಲು ಹಾಕಿದವ್ರಲ್ಲಿ ಇವ್ರೇ ಮುಂದು. 1868ರಲ್ಲಿ ಇಂಪೀಚ್‌ಮೆಂಟ್, ಅಂದ್ರೆ ಅಧಿಕಾರದಿಂದ ಇಳಿಸೋ ವಿಚಾರಣೆ ಆಯ್ತು, ಮೇಲ್ಮನೆ ಸೆನೆಟಲ್ಲಿ ವೋಟು 35–19, ತೆಗೆದು ಹಾಕೋಕೆ 36 ಬೇಕಿತ್ತು, ಒಂದೇ ಒಂದು ವೋಟಿಗೆ ಬಚಾವಾದ್ರು. ಬೇರೆಯವ್ರಾಗಿದ್ರೆ ಮುಖ ಮುಚ್ಕೊಂಡು ಮನೇಲಿರ್ತಿದ್ರು, ಇವ್ರು ಸೋತ್ರೂ ಮತ್ತೆ ಮತ್ತೆ ಎಲೆಕ್ಷನ್‌ಗೆ ನಿಂತು 1875ರಲ್ಲಿ ತಮ್ಮ ವಿಚಾರಣೆ ನಡೆದ ಅದೇ ಸೆನೆಟ್‌ಗೆ ಸದಸ್ಯರಾಗಿ ನಡ್ಕೊಂಡು ಬಂದ್ರು. ಅಧ್ಯಕ್ಷರಾಗಿ ಇಳಿದ್ಮೇಲೆ ಸೆನೆಟರ್ ಆದವ್ರು ಇವತ್ತಿನವರೆಗೂ ಇವ್ರೊಬ್ರೇ. ಅದೇ ವರ್ಷ ಜುಲೈನಲ್ಲಿ ತೀರ್ಕೊಂಡ್ರು. ಆ ಮರದ ಟೈಲರ್ ಅಂಗಡಿ ಈಗಲೂ ಗ್ರೀನ್‌ವಿಲ್‌ನಲ್ಲಿ ಇದೆ, ಅದ್ರ ಸುತ್ತ ಇಟ್ಟಿಗೆ ಕಟ್ಟಡ ಕಟ್ಟಿ ಒಳಗೆ ಹಾಗೇ ಕಾಪಾಡಿದಾರೆ.

ನೇಣು ಹಾಕಿದವ್ರು ಗ್ರೋವರ್ ಕ್ಲೀವ್‌ಲ್ಯಾಂಡ್. 1871ರಿಂದ 1873ರವರೆಗೆ ನ್ಯೂಯಾರ್ಕ್ ರಾಜ್ಯದ ಬಫಲೊ ಊರಿರೋ ಎರಿ ಕೌಂಟಿಗೆ (ನಮ್ಮ ಜಿಲ್ಲೆ ಥರ) ಶೆರಿಫ್, ಅಂದ್ರೆ ಕಾನೂನು ಜಾರಿ ಮಾಡೋ ಅಧಿಕಾರಿ ಆಗಿದ್ರು. ಮರಣದಂಡನೆ ಆದ್ರೆ ಜಾರಿ ಮಾಡೋ ಜವಾಬ್ದಾರಿ ಶೆರಿಫ್‌ದು, ಆದ್ರೆ 10 ಡಾಲರ್ ಕೊಟ್ಟು ಕೈಕೆಳಗಿನವ್ನ ಕೈಲಿ ಮಾಡಿಸ್ಬಹುದಿತ್ತು. ನಂಗೆ ಹೇಸಿಗೆ ಆಗೋ ಕೆಲಸನ ಇನ್ನೊಬ್ಬನ ತಲೆಗೆ ಕಟ್ಟೋದು ಸರಿಯಲ್ಲ ಅನ್ನೋದು ಅವ್ರ ಲೆಕ್ಕ. 1872ರಲ್ಲಿ ಹೆತ್ತ ತಾಯಿನೇ ಕೊಂದ ಪ್ಯಾಟ್ರಿಕ್ ಮಾರಿಸ್ಸಿ, 1873ರಲ್ಲಿ ಜಾನ್ ಗ್ಯಾಫ್ನಿ, ಇಬ್ಬರಿಗೂ ಇವ್ರೇ ನೇಣು ಹಾಕಿದ್ರು. ಮುಂದೆ ಎಲೆಕ್ಷನ್ ಬಂದಾಗ ವಿರೋಧಿಗಳು ಬಫಲೊದ ನೇಣುಗಾರ ಅಂತ ಆಡ್ಕೊಂಡ್ರು. ಅದೇನೂ ತಟ್ಲಿಲ್ಲ, 1882ರಲ್ಲಿ ಬಫಲೊ ಮೇಯರ್, 1883ರಲ್ಲಿ ನ್ಯೂಯಾರ್ಕ್ ಗವರ್ನರ್, 1885ರಲ್ಲಿ ಅಧ್ಯಕ್ಷ. ಇಷ್ಟು ಸ್ಪೀಡಲ್ಲಿ ಮೇಲೆ ಹೋದವ್ರು ಕಮ್ಮಿ.

ಕ್ಲೀವ್‌ಲ್ಯಾಂಡ್ ಅವ್ರ ಇನ್ನೊಂದು ಕಥೆ ಹೇಳದೇ ಇರೋಕಾಗಲ್ಲ. 1893, ಎರಡನೇ ಸಲ ಅಧ್ಯಕ್ಷರಾಗಿ ಕೆಲವೇ ತಿಂಗಳು, ದೇಶದಲ್ಲಿ ಬ್ಯಾಂಕುಗಳು ಸಾಲು ಸಾಲಾಗಿ ಮುಚ್ತಾ ಇವೆ, ಆಗ ಬಾಯಿಯ ಮೇಲ್ಭಾಗದಲ್ಲಿ ಗಡ್ಡೆ ಕಾಣಿಸ್ಕೊಳ್ತು. ಸುದ್ದಿ ಹೊರಗೆ ಬಂದ್ರೆ ಷೇರು ಮಾರ್ಕೆಟ್ ಕುಸಿಯತ್ತೆ ಅಂತ ಹೆದರಿ, ಮೀನು ಹಿಡಿಯೋಕೆ ಹೋಗ್ತೀನಿ ಅಂತ ಹೇಳಿ ಗೆಳೆಯರೊಬ್ರ ಒನೈಡಾ ಅನ್ನೋ ಯಾಟ್ ಹತ್ತಿದ್ರು. ಜುಲೈ 1ರಂದು ನೀರಿನ ಮೇಲೆ ತೇಲ್ತಿರೋ ಹಡಗಲ್ಲೇ ಆಪರೇಷನ್, ಮೇಲ್ದವಡೆಯ ಒಂದು ಭಾಗ, ಐದಾರು ಹಲ್ಲು ಕಿತ್ರು, ಎಲ್ಲಾ ಬಾಯಿ ಒಳಗಿಂದ್ಲೇ, ಮೀಸೆ ಒಂದು ಕೂದಲೂ ಕೊಂಕದ ಹಾಗೆ. ಆಮೇಲೆ ರಬ್ಬರ್ ದವಡೆ ಕೂರಿಸಿದ್ರು, ಮಾತು ಮೊದಲಿನ ಹಾಗೇ ಆಯ್ತು. ಆಗಸ್ಟ್‌ನಲ್ಲೇ ಇ. ಜೆ. ಎಡ್ವರ್ಡ್ಸ್ ಅನ್ನೋ ವರದಿಗಾರ ಫಿಲಡೆಲ್ಫಿಯಾ ಪೇಪರಲ್ಲಿ ಇಡೀ ಕಥೆ ಬರೆದ್ರು. ಬರೀ ಹಲ್ಲುನೋವು ಅಂತ ಅಧ್ಯಕ್ಷರ ಕಡೆಯವ್ರು ಹೇಳಿದ್ರು, ಜನ ನಂಬಿದ್ರು, ವರದಿಗಾರನೇ ಸುಳ್ಳುಗಾರ ಅನ್ನಿಸ್ಕೊಂಡ. ಆಪರೇಷನ್ ತಂಡದಲ್ಲಿದ್ದ ಡಾಕ್ಟರ್ ಕೀನ್ 1917ರಲ್ಲಿ ಬಾಯಿ ಬಿಟ್ಟಾಗ, 24 ವರ್ಷ ಆದ್ಮೇಲೆ, ಎಡ್ವರ್ಡ್ಸ್ ಬರೆದಿದ್ದು ಅಕ್ಷರಶಃ ನಿಜ ಅಂತ ಗೊತ್ತಾಯ್ತು. ಆ ಗಡ್ಡೆ ಈಗಲೂ ಫಿಲಡೆಲ್ಫಿಯಾದ ಮ್ಯೂಟರ್ ಮ್ಯೂಸಿಯಂನಲ್ಲಿದೆ.

ಇವ್ರೆಲ್ಲರಿಗಿಂತ ನನ್ನ ಮನಸ್ಸಲ್ಲಿ ಉಳಿಯೋದು ಯುಲಿಸಿಸ್ ಗ್ರಾಂಟ್. ಹುಟ್ಟು ಹೆಸರು ಹೈರಮ್ ಯುಲಿಸಿಸ್ ಗ್ರಾಂಟ್. ವೆಸ್ಟ್ ಪಾಯಿಂಟ್ ಸೈನಿಕ ಕಾಲೇಜಿಗೆ ಶಿಫಾರಸು ಮಾಡಿದ ಕಾಂಗ್ರೆಸ್ ಸದಸ್ಯ ಅವಸರದಲ್ಲಿ ಯುಲಿಸಿಸ್ ಎಸ್. ಗ್ರಾಂಟ್ ಅಂತ ಬರೆದ್ಬಿಟ್ರು, ಅದೇ ಕಾಯಂ ಆಯ್ತು. ಆ 'ಎಸ್' ಅಂದ್ರೆ ಏನೂ ಇಲ್ಲ, ಕ್ಲರ್ಕ್ ಒಂದ್ಸಲ ಬರೆದ್ರೆ ಮುಗೀತು, ಆಧಾರ್ ಕಾರ್ಡ್ ಮಾಡಿಸಿದವ್ರಿಗೆ ಗೊತ್ತಿರತ್ತೆ. 1854ರಲ್ಲಿ ಸೈನ್ಯ ಬಿಟ್ಟು ಬಂದ್ಮೇಲೆ ಮುಟ್ಟಿದ್ದೆಲ್ಲ ಮಣ್ಣು. ಸೇಂಟ್ ಲೂಯಿಸ್ ಹತ್ರ ಹೆಂಡತಿ ಕಡೆಯಿಂದ ಬಂದ ಜಮೀನಲ್ಲಿ ತಾವೇ ಮರದ ದಿಮ್ಮಿ ಜೋಡಿಸಿ ಮನೆ ಕಟ್ಕೊಂಡು ಬೇಸಾಯ ಮಾಡಿದ್ರು, ಬೆಳೆ ಕೈ ಕೊಡ್ತು, ಸೌದೆ ಕಡಿದು ಗಾಡಿಗೆ ಹೇರ್ಕೊಂಡು ಸೇಂಟ್ ಲೂಯಿಸ್ ಬೀದೀಲಿ ಮಾರೋರು. ಹಳೇ ಸೈನಿಕ ಗೆಳೆಯರು ಎದುರಿಗೆ ಸಿಕ್ಕಿ ಗುರುತು ಹಿಡಿಯೋಕೆ ಒದ್ದಾಡಿದ್ದೂ ಉಂಟು. 1857ರ ಡಿಸೆಂಬರ್ 23, ಕ್ರಿಸ್‌ಮಸ್‌ಗೆ ಇನ್ನೆರಡು ದಿನ, ಚಿನ್ನದ ವಾಚು ಮತ್ತೆ ಚೈನು ಗಿರವಿ ಇಟ್ಟು 22 ಡಾಲರ್ ತಗೊಂಡ್ರು. ಆ ಗಿರವಿ ಚೀಟಿ ಸಿಕ್ಕಿದೆ. ಇದೇ ಬಡತನದಲ್ಲಿ, 1859ರಲ್ಲಿ, ತಮ್ಮ ಹತ್ರ ಇದ್ದ ವಿಲಿಯಂ ಜೋನ್ಸ್ ಅನ್ನೋ ಗುಲಾಮನನ್ನ ಮಾರದೇ ಕೋರ್ಟಿಗೆ ಹೋಗಿ ಬಿಡುಗಡೆ ಪತ್ರ ಬರೆದ್ಕೊಟ್ರು. ಮಾರಿದ್ರೆ ಸಾಲ ತೀರೋವಷ್ಟು ದುಡ್ಡು ಬರ್ತಿತ್ತು. ಕೊನೆಗೆ 1860ರಲ್ಲಿ ಇಲಿನಾಯ್‌ನ ಗಲೀನಾದಲ್ಲಿ ಅಪ್ಪನ ಚರ್ಮದ ಅಂಗಡೀಲಿ ತಮ್ಮಂದಿರ ಜೊತೆ ಗುಮಾಸ್ತಿಕೆ, ಅದೂ ಚರ್ಮ ಹದ ಮಾಡೋ ವಾಸನೆ ಕಂಡ್ರೆ ಚಿಕ್ಕಂದಿನಿಂದ ಆಗದಿರೋ ಮನುಷ್ಯ. ಮುಂದಿನ ವರ್ಷ ಅಂತರ್ಯುದ್ಧ ಶುರು, ಮೂರು ವರ್ಷದಲ್ಲಿ ಇಡೀ ಸೈನ್ಯದ ದಂಡನಾಯಕ, ಎಂಟು ವರ್ಷದಲ್ಲಿ ಅಧ್ಯಕ್ಷ.

ಇಷ್ಟಕ್ಕೇ ಕಥೆ ಮುಗಿದಿದ್ರೆ ಸಿನಿಮಾ ಆಗ್ತಿತ್ತು. ಅಧ್ಯಕ್ಷರಾಗೋಕೆ ಸೈನ್ಯದ ಹುದ್ದೆಗೆ ರಾಜೀನಾಮೆ ಕೊಟ್ಟಿದ್ರಿಂದ ಸೈನ್ಯದಿಂದ ಬರಬೇಕಾದ ದುಡ್ಡೂ ಹೋಯ್ತು. 1877ರಲ್ಲಿ ಇಳಿದವ್ರು ಎರಡು ವರ್ಷಕ್ಕಿಂತ ಜಾಸ್ತಿ ಪ್ರಪಂಚ ಸುತ್ತಿದ್ರು, 1879ರಲ್ಲಿ ನಮ್ಮ ದೇಶಕ್ಕೂ ಬಂದು ಬಾಂಬೆ, ಆಗ್ರಾ, ಕಲ್ಕತ್ತಾ ನೋಡ್ಕೊಂಡು ಹೋದ್ರು. ಆಮೇಲೆ ನ್ಯೂಯಾರ್ಕಲ್ಲಿ ಮಗ ಪಾಲುದಾರನಾಗಿದ್ದ ಗ್ರಾಂಟ್ ಅಂಡ್ ವಾರ್ಡ್ ಅನ್ನೋ ಹಣಕಾಸು ಕಂಪನಿಗೆ ಇದ್ದಬದ್ದ ದುಡ್ಡೆಲ್ಲ ಹಾಕಿದ್ರು. ಫರ್ಡಿನಾಂಡ್ ವಾರ್ಡ್ ಅನ್ನೋ ಆಸಾಮಿ ಹೊಸಬರ ದುಡ್ಡಲ್ಲಿ ಹಳಬರಿಗೆ ಲಾಭ ಕೊಡ್ತಾ ಇದ್ದ, ನಮ್ಮಲ್ಲಿ ಚೀಟಿ ಕಂಪನಿ ಮುಳುಗಿಸ್ತಾರಲ್ಲ, ಅದೇ ವರಸೆ. 1884ರ ಮೇ 4, ಭಾನುವಾರ, ಒಂದೇ ದಿನದ ಮಟ್ಟಿಗೆ ಅಂತ ವಾರ್ಡ್ ಹೇಳಿದ್ದಕ್ಕೆ ಗ್ರಾಂಟ್ ಹೋಗಿ ಆಗರ್ಭ ಶ್ರೀಮಂತ ವಿಲಿಯಂ ವ್ಯಾಂಡರ್‌ಬಿಲ್ಟ್ ಹತ್ರ ಒಂದೂವರೆ ಲಕ್ಷ ಡಾಲರ್ ಕೈಸಾಲ ತಂದ್ರು. ಮಂಗಳವಾರ ಕಂಪನಿ ದಿವಾಳಿ. ಗಂಡ ಹೆಂಡತಿ ಕೈಯಲ್ಲಿ ಉಳಿದಿದ್ದು 200 ಡಾಲರ್ ಚಿಲ್ಲರೆ. ವ್ಯಾಂಡರ್‌ಬಿಲ್ಟ್ ಸಾಲ ಬಿಟ್ಬಿಡ್ತೀನಿ ಅಂದ್ರೂ ಕೇಳದೆ ಯುದ್ಧದ ಕತ್ತಿ, ಪದಕ, ದೇಶ ವಿದೇಶದ ಉಡುಗೊರೆ ಎಲ್ಲಾ ಅವ್ರಿಗೆ ಒಪ್ಪಿಸಿದ್ರು, ಆಮೇಲೆ ಅವು ದೇಶದ ಮ್ಯೂಸಿಯಂ ಸೇರಿದ್ವು.

ಅದೇ ವರ್ಷ ಗಂಟಲ ಕ್ಯಾನ್ಸರ್, ದಿನಾ ಸೇದಿದ ಸಿಗಾರ್‌ಗಳ ಫಲ. ತಾನು ಸತ್ರೆ ಹೆಂಡತಿ ಜೂಲಿಯಾ ಬೀದಿಗೆ ಬೀಳ್ತಾಳೆ ಅನ್ನೋ ಚಿಂತೆ. ಒಂದು ಪತ್ರಿಕೆಯವ್ರು ಆತ್ಮಕಥೆಗೆ ಮಾಮೂಲಿ 10 ಪರ್ಸೆಂಟ್ ರಾಯಲ್ಟಿ ಕೊಡ್ತೀವಿ ಅಂದಿದ್ರು, ಲೇಖಕ ಮಾರ್ಕ್ ಟ್ವೇನ್ ಅದನ್ನ ಕೇಳಿ ಓಡಿ ಬಂದು, ನನ್ನ ಪ್ರಕಾಶನಕ್ಕೆ ಕೊಡಿ, ಲಾಭದಲ್ಲಿ 70 ಪರ್ಸೆಂಟ್ ನಿಮ್ಗೆ ಅಂದ್ರು. ಗ್ರಾಂಟ್ ಬರೆಯೋಕೆ ಕೂತ್ರು. ನುಂಗೋಕೆ ಆಗಲ್ಲ, ಕೊನೆಕೊನೆಗೆ ಮಾತೂ ಆಗಲ್ಲ, ಚೀಟಿಯಲ್ಲಿ ಬರೆದು ತೋರಿಸ್ತಿದ್ರು, ಮೌಂಟ್ ಮೆಕ್‌ಗ್ರೆಗರ್ ಬೆಟ್ಟದ ಮನೆಯ ಜಗಲಿಯಲ್ಲಿ ಶಾಲು ಹೊದ್ದು, ತಲೆಗೆ ಟೋಪಿ ಹಾಕಿ ಬರೀತಾ ಕೂತಿರೋ ಫೋಟೋ ಇದೆ, ನೋಡಿ. ಜುಲೈ 23, 1885ರಂದು ತೀರ್ಕೊಂಡ್ರು, ಪುಸ್ತಕ ಮುಗಿಸಿ ಒಂದು ವಾರವೂ ಆಗಿರ್ಲಿಲ್ಲ. ಜೂಲಿಯಾಗೆ ಬಂದ ಮೊದಲ ಚೆಕ್ಕೇ ಎರಡು ಲಕ್ಷ ಡಾಲರ್, ಒಟ್ಟು ಸುಮಾರು ನಾಲ್ಕೂವರೆ ಲಕ್ಷ. ಈಗ ಇಳಿದ ಅಧ್ಯಕ್ಷರೆಲ್ಲ ಆತ್ಮಕಥೆಗೆ ಕೋಟಿಗಟ್ಟಲೆ ತಗೋತಾರಲ್ಲ, ಅವ್ರಲ್ಲಿ ಯಾರೂ ಹೀಗೆ ಬರೆದಿಲ್ಲ.

ಲಿಂಕನ್ ಅವ್ರದ್ದು ನಿಮ್ಗೆ ಅರ್ಧ ಗೊತ್ತಿರತ್ತೆ, ಹಾಗಾಗಿ ಬೇಗ ಹೇಳ್ತೀನಿ. ನ್ಯೂ ಸೇಲಂ ಅನ್ನೋ ಹಳ್ಳಿಯಲ್ಲಿ ಪಾಲುದಾರಿಕೆಯಲ್ಲಿ ಕಿರಾಣಿ ಅಂಗಡಿ ಹಾಕಿ ಮುಳುಗಿದ್ರು, ಪಾಲುದಾರ ಸತ್ತ, ಅವ್ನ ಸಾಲವೂ ಇವ್ರ ತಲೆಗೆ. 1833ರಲ್ಲಿ ಅಲ್ಲೇ ಪೋಸ್ಟ್‌ಮಾಸ್ಟರ್, ಕಾಗದಗಳನ್ನ ಟೋಪಿಯೊಳಗೆ ಇಟ್ಕೊಂಡು ಹೋಗಿ ಕೊಡ್ತಿದ್ರು. ಜೊತೆಗೆ ಸರ್ವೆ ಕೆಲಸ, ಸಾಲ ಕೊಟ್ಟವ ಸರ್ವೆ ಸಾಮಾನನ್ನೇ ಹರಾಜು ಹಾಕಿಸ್ದ, ಒಬ್ಬ ನೆರೆಯವ್ರು ಹರಾಜಲ್ಲಿ ಕೂಗಿ ತಗೊಂಡು ವಾಪಸ್ ಕೊಟ್ರು. ಕ್ವಿಜ್‌ಗೆ ಬೇಕಾದ್ದು: ಪೇಟೆಂಟ್ ಇದ್ದ ಏಕೈಕ ಅಧ್ಯಕ್ಷ ಲಿಂಕನ್, ನಂಬರ್ 6469, ವರ್ಷ 1849, ಮರಳು ದಿಬ್ಬಕ್ಕೆ ಸಿಕ್ಕಿ ನಿಂತ ದೋಣಿಯನ್ನ ಎತ್ತಿ ತೇಲಿಸೋ ಉಪಾಯ. ಯಾರೂ ಅದನ್ನ ತಯಾರಿಸಿ ಮಾರ್ಲಿಲ್ಲ.

ಮೇಷ್ಟ್ರುಗಳೂ ಬೇಕಾದಷ್ಟು ಜನ ಇದಾರೆ. ಜೇಮ್ಸ್ ಗಾರ್ಫೀಲ್ಡ್ ಹುಡುಗನಾಗಿದ್ದಾಗ ಕಾಲುವೆ ದೋಣಿ ಎಳೆಯೋ ಕುದುರೆ ಹೊಡ್ಕೊಂಡು ಹೋಗೋ ಕೆಲಸ, ಈಜು ಬರ್ತಿರ್ಲಿಲ್ಲ, ಪದೇ ಪದೇ ನೀರಿಗೆ ಬಿದ್ದು ಜ್ವರ ಹಿಡ್ಕೊಂಡು ಮನೆ ಸೇರಿದ್ರು, ಆಮೇಲೆ ಓದಿ ಕಾಲೇಜಿನ ಪ್ರಿನ್ಸಿಪಾಲ್ ಆದ್ರು. ಪೈಥಾಗೊರಸ್ ಪ್ರಮೇಯಕ್ಕೆ ಅವ್ರದ್ದೇ ಒಂದು ಸಾಧನೆ 1876ರಲ್ಲಿ ಅಚ್ಚಾಯ್ತು: ಒಂದೇ ಅಳತೆಯ ಎರಡು ಲಂಬಕೋನ ತ್ರಿಭುಜ ಜೋಡಿಸಿ ಒಂದು ತ್ರಾಪಿಜ್ಯ ಮಾಡಿ, ಅದ್ರ ವಿಸ್ತೀರ್ಣವನ್ನ ಎರಡು ರೀತಿ ಲೆಕ್ಕ ಹಾಕಿ, ಉತ್ತರ ತಾನಾಗೇ ಬರತ್ತೆ. ಹೈಸ್ಕೂಲ್ ಗಣಿತ ಸಾಕು, ಮಾಡಿ ನೋಡಿ. ವುಡ್ರೋ ವಿಲ್ಸನ್ ಪಿಎಚ್‌ಡಿ ಇರೋ ಒಬ್ಬರೇ ಅಧ್ಯಕ್ಷ, ಪ್ರಿನ್ಸ್‌ಟನ್ ವಿಶ್ವವಿದ್ಯಾಲಯ ನಡೆಸಿದವ್ರು. ಲಿಂಡನ್ ಜಾನ್ಸನ್ 1928ರಲ್ಲಿ ಟೆಕ್ಸಸ್‌ನ ಕಟೂಲಾದಲ್ಲಿ ಬಡ ಮೆಕ್ಸಿಕನ್ ಮಕ್ಕಳಿಗೆ ಪಾಠ ಹೇಳ್ತಿದ್ರು, ಹಸ್ಕೊಂಡೇ ಶಾಲೆಗೆ ಬರ್ತಿದ್ದ ಆ ಮಕ್ಕಳ ಮುಖ ನೆನಪಿದೆ ಅಂತ 1965ರಲ್ಲಿ ಮತದಾನದ ಹಕ್ಕಿನ ಬಗ್ಗೆ ಕಾಂಗ್ರೆಸ್ಸಲ್ಲಿ ಭಾಷಣ ಮಾಡೋವಾಗ ಹೇಳಿದ್ರು.

ಹರ್ಬರ್ಟ್ ಹೂವರ್ ಅವ್ರದ್ದು ಇದಕ್ಕೆ ಉಲ್ಟಾ ಕಥೆ. ಒಂಬತ್ತು ವರ್ಷಕ್ಕೇ ತಬ್ಬಲಿ, ಸ್ಟ್ಯಾನ್‌ಫರ್ಡ್ ಶುರುವಾದಾಗ ಮೊದಲ ಬ್ಯಾಚಲ್ಲೇ ಸೇರಿ ಗಣಿ ಎಂಜಿನಿಯರ್ ಆದ್ರು, ಪಶ್ಚಿಮ ಆಸ್ಟ್ರೇಲಿಯಾದ ಚಿನ್ನದ ಗಣಿ, ಚೀನಾದ ಕಲ್ಲಿದ್ದಲು, ಆಗ ಬ್ರಿಟಿಷ್ ಇಂಡಿಯಾಗೆ ಸೇರಿದ್ದ ಬರ್ಮಾದ ಸೀಸ ಬೆಳ್ಳಿ ಗಣಿ, ಎಲ್ಲಾ ಕಡೆ ದುಡಿದು ನಲವತ್ತು ಆಗೋಷ್ಟ್ರಲ್ಲಿ ದೊಡ್ಡ ಶ್ರೀಮಂತರು. ಅಧ್ಯಕ್ಷರ ಸಂಬಳ ತಾವಿಟ್ಕೊಳ್ಳದೇ ದಾನ ಕೊಟ್ಬಿಡ್ತಿದ್ರು. ಗಂಡ ಹೆಂಡತಿ ಇಬ್ಬರಿಗೂ ಒಂದಷ್ಟು ಚೀನೀ ಮಾತು ಬರ್ತಿತ್ತು, ಶ್ವೇತಭವನದಲ್ಲಿ ಅಕ್ಕಪಕ್ಕದವ್ರಿಗೆ ಗೊತ್ತಾಗಬಾರದು ಅಂದಾಗ ಅದ್ರಲ್ಲೇ ಮಾತಾಡ್ಕೊಳ್ಳೋರು.

ಈಗ ಪೆನ್ಷನ್ನಿನ ಕಥೆಗೆ ಬರೋಣ, ಅದ್ರ ಮಧ್ಯದಲ್ಲಿರೋದು ಹ್ಯಾರಿ ಟ್ರೂಮನ್. ಡಿಗ್ರಿ ಇಲ್ಲದ ಕೊನೆಯ ಅಧ್ಯಕ್ಷ. ಬ್ಯಾಂಕಲ್ಲಿ ಗುಮಾಸ್ತ, ಹತ್ತು ವರ್ಷಕ್ಕಿಂತ ಜಾಸ್ತಿ ಬೇಸಾಯ, ಮೊದಲ ಮಹಾಯುದ್ಧ ಮುಗಿಸಿ ಬಂದು 1919ರಲ್ಲಿ ಸೈನ್ಯದ ಗೆಳೆಯ ಎಡ್ಡಿ ಜೇಕಬ್‌ಸನ್ ಜೊತೆ ಕ್ಯಾನ್ಸಾಸ್ ಸಿಟಿಯಲ್ಲಿ ಗಂಡಸರ ಶರ್ಟು, ಟೈ, ಹ್ಯಾಟಿನ ಅಂಗಡಿ. ಮೊದಲ ವರ್ಷ ಭರ್ಜರಿ ವ್ಯಾಪಾರ, ಆಮೇಲೆ ಹಿಂಜರಿತ ಬಂತು, 1922ರಲ್ಲಿ ಬಾಗಿಲು ಹಾಕಿದ್ರು. ಜೇಕಬ್‌ಸನ್ ದಿವಾಳಿ ಅರ್ಜಿ ಹಾಕಿದ್ರು, ಟ್ರೂಮನ್ ಹಾಕಲ್ಲ ಅಂತ ಹಠ ಹಿಡಿದು ವರ್ಷಗಟ್ಟಲೆ ಸಾಲ ತೀರಿಸ್ತಾ ಹೋದ್ರು. ಆ ಅಂಗಡಿ ಗೆಳೆಯ ಮುಂದೆ ಚರಿತ್ರೆಗೆ ಬಂದ್ರು ಅನ್ನೋದು ನೋಡಿ: 1948ರ ಮಾರ್ಚಲ್ಲಿ ಯಹೂದಿ ನಾಯಕ ವೈಝ್‌ಮನ್ ಅವ್ರನ್ನ ಭೇಟಿ ಮಾಡಲ್ಲ ಅಂತ ಟ್ರೂಮನ್ ಪಟ್ಟು ಹಿಡಿದಿದ್ದಾಗ ಜೇಕಬ್‌ಸನ್ ಶ್ವೇತಭವನಕ್ಕೇ ಹೋಗಿ ಒಪ್ಪಿಸಿದ್ರು, ಮೇ 14ಕ್ಕೆ ಇಸ್ರೇಲ್ ಘೋಷಣೆ ಆದ 11 ನಿಮಿಷಕ್ಕೆ ಅಮೆರಿಕ ಮಾನ್ಯತೆ ಕೊಡ್ತು. ಅದಕ್ಕೆ ಅದೊಂದೇ ಕಾರಣ ಅಂತ ನಾನು ಹೇಳ್ತಿಲ್ಲ, ಆದ್ರೆ ಮುಳುಗಿದ ಅಂಗಡಿಯ ಪಾಲುದಾರಿಕೆ ಅಷ್ಟು ದೂರ ಬಂತು.

1953ರಲ್ಲಿ ಇಳಿದಾಗ ಟ್ರೂಮನ್ ಅವ್ರಿಗೆ ಬರ್ತಿದ್ದಿದ್ದು ಸೈನ್ಯದ ಪೆನ್ಷನ್, ತಿಂಗಳಿಗೆ 112 ಡಾಲರ್ 56 ಸೆಂಟ್. ಬಾಡಿಗಾರ್ಡ್ ಇಲ್ಲ. ಆ ಬೇಸಿಗೇಲಿ ಗಂಡ ಹೆಂಡತಿ ಇಬ್ರೇ ಕ್ರೈಸ್ಲರ್ ಕಾರಲ್ಲಿ ಮಿಸೌರಿಯಿಂದ ನ್ಯೂಯಾರ್ಕ್‌ವರೆಗೂ ಹೋಗಿ ಬಂದ್ರು. ಪೆನ್ಸಿಲ್ವೇನಿಯಾ ಹೈವೇನಲ್ಲಿ ಓವರ್‌ಟೇಕ್ ಲೇನಲ್ಲೇ ನಿಧಾನಕ್ಕೆ ಓಡಿಸ್ಕೊಂಡು ಹಿಂದಿನ ಗಾಡಿಗಳಿಗೆ ದಾರಿ ಬಿಡ್ತಿಲ್ಲ ಅಂತ ಪೊಲೀಸ್ ತಡೆದು ನಿಲ್ಲಿಸಿದ್ರೆ, ಒಳಗೆ ನೋಡಿದ್ರೆ ಮಾಜಿ ಪ್ರೆಸಿಡೆಂಟ್. ಜೇಬು ಖಾಲಿ ಆಗ್ತಿದೆ ಅಂತ ಟ್ರೂಮನ್ ಕಾಂಗ್ರೆಸ್ ನಾಯಕರಿಗೆ ಹೇಳ್ಕೊಂಡ್ರು, 1958ರಲ್ಲಿ ಮಾಜಿ ಅಧ್ಯಕ್ಷರ ಕಾಯ್ದೆ ಬಂತು, ವರ್ಷಕ್ಕೆ 25,000 ಡಾಲರ್ ಪೆನ್ಷನ್, ಆಫೀಸು, ಸಿಬ್ಬಂದಿ. ಆಗ ಬದುಕಿದ್ದ ಇನ್ನೊಬ್ಬ ಮಾಜಿ ಹೂವರ್, ಅವ್ರಿಗೆ ಆ ದುಡ್ಡು ಏನೇನೂ ಬೇಕಿರ್ಲಿಲ್ಲ, ತಾವು ಬೇಡ ಅಂದ್ರೆ ಟ್ರೂಮನ್‌ಗೆ ಮುಜುಗರ ಆಗತ್ತೆ ಅಂತ ತಗೊಂಡ್ರು ಅಂತಾರೆ. ಈಗ ಆ ಪೆನ್ಷನ್ ಒಬ್ಬ ಕ್ಯಾಬಿನೆಟ್ ಮಂತ್ರಿ ಸಂಬಳದಷ್ಟು. ನಿಕ್ಸನ್‌ಗೂ ಬಂತು, ಯಾಕಂದ್ರೆ ಅವ್ರು ರಾಜೀನಾಮೆ ಕೊಟ್ಟಿದ್ದು, ತೆಗೆದು ಹಾಕಿಸ್ಕೊಂಡಿದ್ದಲ್ಲ.

ಆದ್ರೆ ತಡೀರಿ, ಈ ಕಥೆಗೊಂದು ಬಾಲ ಇದೆ. 2021ರಲ್ಲಿ ಪಾಲ್ ಕ್ಯಾಂಪೋಸ್ ಅನ್ನೋ ಕಾನೂನು ಪ್ರೊಫೆಸರ್ ಟ್ರೂಮನ್ ಪತ್ನಿ ಬೆಸ್ ಅವ್ರ ಕಾಗದಪತ್ರ ನೋಡಿ, ಇಳಿಯೋ ಹೊತ್ತಿಗೆ ಟ್ರೂಮನ್ ತಮ್ಮ ಆಸ್ತಿ ಸುಮಾರು 6.5 ಲಕ್ಷ ಡಾಲರ್ ಅಂತ ತಾವೇ ಬರೆದಿಟ್ಟಿದ್ದನ್ನ ಹೊರಗೆ ತಂದ್ರು. ಮೇಲಿಂದ ಆತ್ಮಕಥೆಗೆ 6 ಲಕ್ಷ. ಬಡತನ ಅನ್ನೋದು ಆ ಮಟ್ಟಿಗೆ ಇರ್ಲೇ ಇಲ್ಲ. ಹಳೇ ಪುಸ್ತಕಗಳಲ್ಲಿ ಇನ್ನೂ ಪಾಪ ಟ್ರೂಮನ್ ಅಂತಾನೇ ಇರತ್ತೆ, ನೀವು ಪ್ರಶ್ನೆ ಮಾಡೋವಾಗ 112 ಡಾಲರ್ ಅಂತ ಬೇಕಾದ್ರೆ ಕೇಳಿ, ಕಡುಬಡವ ಅಂತ ಬರೀಬೇಡಿ.

ದುಡ್ಡಿಗೆ ಅಲ್ಲದೇ ಸುಮ್ನೆ ಕೂರೋಕಾಗದೇ ಕೆಲಸ ಹಿಡಿದವ್ರೂ ಇದಾರೆ. ಜಾನ್ ಕ್ವಿನ್ಸಿ ಆಡಮ್ಸ್ ಇಳಿದ್ಮೇಲೆ ಕೆಳಮನೆಗೆ ಗೆದ್ದು 17 ವರ್ಷ ಗುಲಾಮಗಿರಿ ವಿರುದ್ಧ ಗುದ್ದಾಡಿ 1848ರಲ್ಲಿ ಸದನದಲ್ಲೇ ಕುಸಿದು ಬಿದ್ದು, ಎರಡು ದಿನ ಬಿಟ್ಟು ಸ್ಪೀಕರ್ ಕೋಣೆಯಲ್ಲೇ ತೀರ್ಕೊಂಡ್ರು. ಟಾಫ್ಟ್‌ಗೆ ಅಧ್ಯಕ್ಷಗಿರಿಗಿಂತ ಜಡ್ಜ್ ಕುರ್ಚಿ ಮೇಲೆ ಆಸೆ, 1921ರಲ್ಲಿ ಸುಪ್ರೀಂ ಕೋರ್ಟ್ ಮುಖ್ಯ ನ್ಯಾಯಮೂರ್ತಿ ಆದ್ರು, ಎರಡೂ ಹುದ್ದೆ ಕಂಡವ್ರು ಅವ್ರೊಬ್ಬರೇ. ಸ್ನಾನದ ತೊಟ್ಟಿಯಲ್ಲಿ ಸಿಕ್ಕಿಹಾಕ್ಕೊಂಡ್ರು ಅನ್ನೋದಕ್ಕೆ ಪುರಾವೆ ಇಲ್ಲ, ದೊಡ್ಡ ತೊಟ್ಟಿ ಮಾಡಿಸಿದ್ದು ಮಾತ್ರ ನಿಜ. ಜಿಮ್ಮಿ ಕಾರ್ಟರ್ ಕಡಲೆಕಾಯಿ ವ್ಯಾಪಾರನ ಬೇರೆಯವ್ರ ಉಸ್ತುವಾರಿಗೆ ಬಿಟ್ಟು ಹೋಗಿದ್ರು, 1981ರಲ್ಲಿ ವಾಪಸ್ ಬಂದಾಗ ಹತ್ತು ಲಕ್ಷ ಡಾಲರ್ ಸಾಲ, ವ್ಯಾಪಾರ ಮಾರಿ, ಪುಸ್ತಕ ಬರೆದು ತೀರಿಸಿದ್ರು. ಇವ್ರ ತಾಯಿ ಲಿಲಿಯನ್ ನರ್ಸ್, 68ರ ವಯಸ್ಸಲ್ಲಿ ಪೀಸ್ ಕೋರ್ ಅನ್ನೋ ಅಮೆರಿಕ ಸರ್ಕಾರದ ಸ್ವಯಂಸೇವಕರ ಪಡೆ ಸೇರಿ ಬಾಂಬೆಯ ವಿಕ್ರೋಲಿಯಲ್ಲಿ ಕೆಲಸ ಮಾಡಿದವ್ರು, 1966ರಿಂದ 68ರವರೆಗೆ. ಇದು ಕ್ವಿಜ್‌ಗೆ ಒಳ್ಳೇ ಪ್ರಶ್ನೆ, ಭಾರತದಲ್ಲಿ ಕೇಳಿದ್ರೂ ಬಹಳ ಜನಕ್ಕೆ ಬರಲ್ಲ.

ಕೊನೆಗೆ ಎರಡು ಬಲೆಗಳು. ಲಿಂಕನ್‌ಗೆ ಕೆನಡಿ ಅನ್ನೋ ಸೆಕ್ರೆಟರಿ, ಕೆನಡಿಗೆ ಲಿಂಕನ್ ಅನ್ನೋ ಸೆಕ್ರೆಟರಿ ಅಂತ ವಾಟ್ಸಾಪಲ್ಲಿ ಓಡಾಡತ್ತಲ್ಲ, ಅದ್ರಲ್ಲಿ ಎರಡನೇದು ಮಾತ್ರ ನಿಜ, ಕೆನಡಿ ಸೆಕ್ರೆಟರಿ ಹೆಸರು ಎವಲಿನ್ ಲಿಂಕನ್. ಲಿಂಕನ್ ಸೆಕ್ರೆಟರಿಗಳು ನಿಕೊಲೆ ಮತ್ತೆ ಹೇ. ಇನ್ನೊಂದು ಲೆಕ್ಕದ ಬಲೆ. ಕ್ಲೀವ್‌ಲ್ಯಾಂಡ್ ನಡುವೆ ಒಂದ್ಸಲ ಸೋತು ಮತ್ತೆ ಗೆದ್ದಿದ್ರಿಂದ 22ನೇಯವ್ರೂ ಅವ್ರೇ 24ನೇಯವ್ರೂ ಅವ್ರೇ, ಟ್ರಂಪ್ ಹಾಗೇ 45 ಮತ್ತು 47. ಹಾಗಾಗಿ ನಂಬರ್ 47ಕ್ಕೆ ಬಂದಿದ್ರೂ ಆ ಕುರ್ಚಿಯಲ್ಲಿ ಕೂತವ್ರು 45 ಜನ. ಕೇಳೋರು 'ಎಷ್ಟನೇ' ಅಂದ್ರಾ 'ಎಷ್ಟು ಜನ' ಅಂದ್ರಾ ಅಂತ ಪೂರ್ತಿ ಕೇಳಿಸ್ಕೊಂಡೇ ಬಜರ್ ಒತ್ತಿ.